ಇಪ್ಪತ್ತೆಂಟು ತುಂಬುವವರೆಗಾದರೂ ಓಡು, ಮಗಳೇ

ಪಿಯುಸಿ ಪರೀಕ್ಷೆ ಮುಗಿದ ಮೇಲೆ ಸ್ಪೈಕ್ಸ್ ಬೂಟನ್ನು ತಂಗಿಗೆ ಕೊಟ್ಟುಬಿಟ್ಟೆಯಂತೆ. ನಿಮ್ಮಮ್ಮ ಹೇಳಿದರು. ರಾಜ್ಯಮಟ್ಟದ 3000 ಮೀಟರ್‌ನಲ್ಲಿ ನಾಲ್ಕನೆಯವಳಾದೆ, ಪದಕ ಕೈತಪ್ಪಿತು, ಇನ್ನು ಓಟ ಸಾಕು ಎಂದು ನೀನೇ ತೀರ್ಮಾನ ಮಾಡಿದ್ದೀಯ. ನಮ್ಮ ದಾವಣಗೆರೆಯ ದೇವರಾಜ ಅರಸು ಬಡಾವಣೆಯಲ್ಲಿ ಬೆಳಗಿನ ಜಾವ ಓಡುವ ಹುಡುಗಿಯರನ್ನು ನಾನು ಬಹಳ ಕಾಲದಿಂದ ನೋಡುತ್ತ ಬಂದಿದ್ದೇನೆ. ಹೈಸ್ಕೂಲಿನಲ್ಲಿ ಗುಂಪಾಗಿ ಓಡುತ್ತಾರೆ, ಪಿಯುಸಿಗೆ ಬರುವಷ್ಟರಲ್ಲಿ ಇಬ್ಬರು ಮೂವರು ಉಳಿಯುತ್ತಾರೆ, ಡಿಗ್ರಿಗೆ ಹೋದ ಮೇಲೆ ಯಾರೂ ಕಾಣುವುದಿಲ್ಲ. ಮಕ್ಕಳಿಗೆ ಓಟ ಕಲಿಸುತ್ತಲೇ ನಿವೃತ್ತಳಾದ ಪಿ.ಟಿ. ಟೀಚರ್ ನಾನು. ನನಗೆ ಇದು ನೋವಿನ ವಿಷಯ. ಅದಕ್ಕೇ ಕೂತು ಬರೆಯುತ್ತಿದ್ದೇನೆ.

ನೂರು ಮೀಟರ್ ಓಡುವವರ ಮಾತು ಬೇರೆ. ನೀನು ಆರಿಸಿಕೊಂಡದ್ದು ದೂರದ ಓಟ. ಅದರಲ್ಲಿ ಹದಿನೆಂಟನೇ ವಯಸ್ಸಿಗೆ ಯಾರ ಯೋಗ್ಯತೆಯೂ ಪೂರ್ತಿ ತಿಳಿಯುವುದಿಲ್ಲ. ಇದನ್ನು ನಿನಗೆ ಒಬ್ಬ ಹೆಣ್ಣುಮಗಳ ಬದುಕಿನ ಮೂಲಕವೇ ಹೇಳಬೇಕು.

ಇಥಿಯೋಪಿಯಾದ ಅರ್ಸಿ ಸೀಮೆಯಲ್ಲಿ ಬೆಕೋಜಿ ಅಂತ ಒಂದು ಊರು. ಸಮುದ್ರಮಟ್ಟದಿಂದ ಸುಮಾರು 2800 ಮೀಟರ್ ಎತ್ತರ, ಸುತ್ತ ಹೊಲಗದ್ದೆ. 1972ರಲ್ಲಿ ಅಲ್ಲಿನ ಒಂದು ರೈತ ಮನೆಯ ಹತ್ತು ಮಕ್ಕಳಲ್ಲಿ ಏಳನೆಯವಳಾಗಿ ದೆರಾರ್ತು ತುಲು ಹುಟ್ಟಿದಳು. ದನ ಕಾಯುತ್ತ ಬೆಳೆದಳು. 1990ರಲ್ಲಿ ಪ್ಲೋವ್ದಿವ್‌ನಲ್ಲಿ ನಡೆದ ಜೂನಿಯರ್ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ 10,000 ಮೀಟರ್ ಗೆದ್ದಳು. ಎರಡು ವರ್ಷಕ್ಕೆ ಬಾರ್ಸಿಲೋನಾ ಒಲಿಂಪಿಕ್ಸ್. ಇಪ್ಪತ್ತೈದು ಸುತ್ತಿನ ಓಟ ಅದು. ದಕ್ಷಿಣ ಆಫ್ರಿಕಾದ ಎಲಾನಾ ಮೇಯರ್ ಮುಂದೆ ನುಗ್ಗಿದಾಗ ದೆರಾರ್ತು ಅವಳ ಬೆನ್ನ ಹಿಂದೆಯೇ ಅಂಟಿಕೊಂಡಳು, ಕೊನೆಯ ಸುತ್ತಿನಲ್ಲಿ ದಾಟಿ ಹೋದಳು. 31 ನಿಮಿಷ 6.02 ಸೆಕೆಂಡ್. ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ಮೊದಲ ಕಪ್ಪು ಆಫ್ರಿಕನ್ ಮಹಿಳೆ ಅವಳು. ವರ್ಣಭೇದದ ಕಾರಣಕ್ಕೆ 1960ರ ನಂತರ ಹೊರಗುಳಿದಿದ್ದ ದಕ್ಷಿಣ ಆಫ್ರಿಕಾ ಆ ವರ್ಷವಷ್ಟೇ ಒಲಿಂಪಿಕ್ಸ್‌ಗೆ ಮರಳಿತ್ತು. ಆ ಕಪ್ಪು ಹುಡುಗಿ ಮತ್ತು ಬಿಳಿ ಹುಡುಗಿ ಕೈ ಕೈ ಹಿಡಿದು ಕ್ರೀಡಾಂಗಣ ಸುತ್ತಿದ್ದನ್ನು ಜಗತ್ತು ಮರೆತಿಲ್ಲ.

ಪತ್ರಿಕೆಯವರು ಸಾಮಾನ್ಯವಾಗಿ ಇಲ್ಲಿಗೇ ಕತೆ ನಿಲ್ಲಿಸುತ್ತಾರೆ. ನಿನಗೆ ಬೇಕಾದದ್ದು ಇದಾದ ಮೇಲಿನ ವರ್ಷಗಳು.

ಇಪ್ಪತ್ತರ ವಯಸ್ಸಿಗೆ ಒಲಿಂಪಿಕ್ ಚಿನ್ನ ಗೆದ್ದವಳಿಗೆ ಮರುವರ್ಷವೇ ಮೊಣಕಾಲು ಕೈಕೊಟ್ಟಿತು. ಬಹಳ ದಿನ ಓಡಲಾಗಲಿಲ್ಲ. 1995ರಲ್ಲಿ ವಿಶ್ವ ಕ್ರಾಸ್ ಕಂಟ್ರಿ ಓಟಕ್ಕೆ ಇಂಗ್ಲೆಂಡಿಗೆ ಹೊರಟಾಗ ಅಥೆನ್ಸ್ ವಿಮಾನ ನಿಲ್ದಾಣದಲ್ಲಿ ಇಡೀ ಒಂದು ದಿನ ಸಿಕ್ಕಿಹಾಕಿಕೊಂಡು, ನಿದ್ದೆಯಿಲ್ಲದೆ, ಓಟ ಶುರುವಾಗುವ ಸ್ವಲ್ಪವೇ ಮುಂಚೆ ಹೋಗಿ ತಲುಪಿದಳು. ಗೆದ್ದಳು. ಸರಿ, ಎಲ್ಲ ನೆಟ್ಟಗಾಯಿತು ಅನ್ನುವಾಗ 1996ರ ಅಟ್ಲಾಂಟಾ ಒಲಿಂಪಿಕ್ಸ್ ಬಂತು, ಮತ್ತೆ ನೋವು. ಹಿಂದಿನ ಸಲದ ಚಾಂಪಿಯನ್ ಆ ಸಲ ಎಷ್ಟನೆಯವಳಾದಳು ಗೊತ್ತೇ? ನಾಲ್ಕನೆಯವಳು. ಕಂಚು ಬಂದದ್ದು ಅವಳ ದೇಶದವಳೇ ಆದ ಗೆಟೆ ವಾಮಿಗೆ.

1998ರಲ್ಲಿ ದೆರಾರ್ತುಗೆ ಹೆಣ್ಣುಮಗು ಹುಟ್ಟಿತು. ಬಾಣಂತನ, ಎದೆಹಾಲು, ರಾತ್ರಿ ನಿದ್ದೆಗೇಡು, ಯಾವುದೂ ಅವಳಿಗೆ ತಪ್ಪಿದ್ದಲ್ಲ. ಎರಡು ವರ್ಷ ಕಳೆದು ಸಿಡ್ನಿಯಲ್ಲಿ ಅದೇ 10,000 ಮೀಟರ್ ಫೈನಲ್. ಅದೇ ಗೆಟೆ ವಾಮಿ ಈಗ ಎರಡನೆಯವಳು, ಅಟ್ಲಾಂಟಾದಲ್ಲಿ ಚಿನ್ನ ಗೆದ್ದಿದ್ದ ಪೋರ್ಚುಗಲ್‌ನ ಫೆರ್ನಾಂಡಾ ರಿಬೇರೊ ಮೂರನೆಯವಳು. ದೆರಾರ್ತು ಮೊದಲನೆಯವಳು, 30 ನಿಮಿಷ 17.49 ಸೆಕೆಂಡ್, ಒಲಿಂಪಿಕ್ ದಾಖಲೆ. ಬಾರ್ಸಿಲೋನಾದ ಸಮಯದಿಂದ ಇದನ್ನು ಕಳೆದು ನೋಡು. ಗಾಯವಾಗಿ, ಸೋತು, ತಾಯಿಯಾಗಿ, ಎಂಟು ವರ್ಷ ದೊಡ್ಡವಳಾದ ಮೇಲೆ ಅವಳು 48 ಸೆಕೆಂಡ್ ಬೇಗ ಓಡಿದಳು. ಸುತ್ತಿಗೆ 73 ಸೆಕೆಂಡಿಗೂ ಕಡಿಮೆ. ಜಿಲ್ಲಾ ಕ್ರೀಡಾಂಗಣದಲ್ಲಿ ಒಂದು ಸುತ್ತನ್ನು 73 ಸೆಕೆಂಡಿನಲ್ಲಿ ಓಡಿ ನೋಡು. ಆಮೇಲೆ ಅದನ್ನೇ ನಿಲ್ಲದೆ ಇಪ್ಪತ್ತೈದು ಸಲ ಓಡುವುದು ಎಂದರೇನು ಅಂತ ಯೋಚಿಸು.

ಸಿಡ್ನಿಯಲ್ಲಿ ಅವಳ ವಯಸ್ಸು ಇಪ್ಪತ್ತೆಂಟು. ನಮ್ಮ ದೇಶದವರನ್ನೇ ತಗೋ. ಕೇರಳದ ಪ್ರೀಜಾ ಶ್ರೀಧರನ್ 2010ರ ಗುವಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ 10,000 ಮೀಟರ್ ಚಿನ್ನ ಗೆದ್ದಾಗ ಇಪ್ಪತ್ತೆಂಟು. ಮೇರಠ್ ಕಡೆಯ ರೈತನ ಮಗಳು ಪಾರುಲ್ ಚೌಧರಿ 2023ರ ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ 5000 ಮೀಟರ್ ಗೆದ್ದಾಗಲೂ ಇಪ್ಪತ್ತೆಂಟೇ. ಪಾರುಲ್ ಹಿಂದಿನ ದಿನವಷ್ಟೇ 3000 ಮೀಟರ್ ಸ್ಟೀಪಲ್‌ಚೇಸ್ ಓಡಿ ಬೆಳ್ಳಿ ತಂದಿದ್ದಳು. ಮರುದಿನ ಕೊನೆಯ ಕೆಲವೇ ಮೀಟರ್ ಉಳಿದಿರುವಾಗ ಜಪಾನಿನ ಹುಡುಗಿಯನ್ನು ದಾಟಿದಳು. ಮೂವರಿಗೂ ಒಂದೇ ವಯಸ್ಸು ಬಂದದ್ದು ಆಕಸ್ಮಿಕ ಇರಬಹುದು. ಆದರೆ ಇಪ್ಪತ್ತೈದು ದಾಟಿದ ಮೇಲೆ ದೂರದ ಓಟಗಾರ್ತಿಯರು ಮಾಗುವುದು ಆಕಸ್ಮಿಕ ಅಲ್ಲ. ಹೃದಯ ಒಂದು ಬಡಿತಕ್ಕೆ ಹೆಚ್ಚು ರಕ್ತ ತಳ್ಳುವುದಕ್ಕೆ, ತೊಡೆಯ ಸ್ನಾಯುಗಳಲ್ಲಿ ಸಣ್ಣ ಸಣ್ಣ ರಕ್ತನಾಳಗಳು ಹಬ್ಬುವುದಕ್ಕೆ, ಮೂಳೆ ಮತ್ತು ಸ್ನಾಯುರಜ್ಜು ಹೊಡೆತ ತಾಳುವುದಕ್ಕೆ ವರ್ಷಗಟ್ಟಲೆ ಓಡಬೇಕು. ನೀನು ಇದುವರೆಗೆ ಓಡಿದ್ದು ನಾಲ್ಕೈದು ವರ್ಷ. ಅದರಲ್ಲೂ ಪರೀಕ್ಷೆಗೆಂದು, ಮಳೆಗೆಂದು ಬಿಟ್ಟ ತಿಂಗಳುಗಳು ಎಷ್ಟೋ!

ಅವರ ಊರು ಎತ್ತರದಲ್ಲಿದೆ, ನಮ್ಮ ದಾವಣಗೆರೆ 600 ಮೀಟರ್ ಆಸುಪಾಸು, ಅವರ ಹಾಗೆ ನಮಗೆಲ್ಲಿ ಆಗುತ್ತದೆ ಅಂತ ಕೇಳುತ್ತೀಯ. ನಿಜ, ಎತ್ತರದ ತೆಳುಗಾಳಿಯಲ್ಲಿ ಬೆಳೆದವರ ರಕ್ತಕ್ಕೆ ಆಮ್ಲಜನಕ ಹೊರುವ ಶಕ್ತಿ ಹೆಚ್ಚು. ಆದರೆ ಇಥಿಯೋಪಿಯಾದಲ್ಲಿ ಎತ್ತರದ ಊರುಗಳು ಎಷ್ಟೋ ಇವೆ. ಬೆಕೋಜಿಯಿಂದಲೇ ದೆರಾರ್ತು, ಕೆನೆನಿಸಾ ಬೆಕೆಲೆ, ತಿರುನೇಶ್ ದಿಬಾಬ ಹೀಗೆ ಸಾಲುಸಾಲಾಗಿ ಯಾಕೆ ಬಂದರು? ಅಲ್ಲಿ ಸೆಂತಯೆಹು ಎಶೆತು ಅಂತ ಒಬ್ಬ ಶಾಲಾ ಮೇಷ್ಟ್ರು ಇದ್ದರು. ನನ್ನ ಹಾಗೆ ಮಕ್ಕಳಿಗೆ ಪಿ.ಟಿ. ಕಲಿಸುವ ಕೆಲಸ. ಬೆಳಗ್ಗೆ ಮಕ್ಕಳನ್ನು ಮಣ್ಣಿನ ಬಯಲಿಗೆ ಕರೆದುಕೊಂಡು ಹೋಗಿ, ಮರಗಳ ನಡುವೆ ಓಡಿಸಿ, ಒಬ್ಬಳು ಗೆದ್ದರೆ ಅವಳನ್ನು ತೋರಿಸಿ ಮುಂದಿನವಳನ್ನು ಹುರಿದುಂಬಿಸಿ, ಅದನ್ನೇ ವರ್ಷಾನುಗಟ್ಟಲೆ ಮಾಡಿದರು. ಇಡೀ ಊರು ಓಡುವ ಮಕ್ಕಳನ್ನು ತನ್ನ ಮಕ್ಕಳೆಂದು ನೋಡಿತು. ನಮಗೂ ಅದು ಹೊಸದಲ್ಲ. ದಾವಣಗೆರೆ, ಹರಿಹರದಲ್ಲಿ ಗರಡಿ ಮನೆಗೆ ಹೋಗುವ ಹುಡುಗನಿಗೆ ಹಾಲು, ಬಾದಾಮಿ ಹೊಂದಿಸುವುದು ಮನೆಯವರಿಗೆ ಹೆಮ್ಮೆ. ಅದೇ ಹೆಮ್ಮೆ ಓಡುವ ಹುಡುಗಿಯ ತಟ್ಟೆಗೂ ಬರಬೇಕು ಎಂಬುದು ನನ್ನ ಆಸೆ.

ತಟ್ಟೆಯ ಮಾತು ಬಂತು, ಅದನ್ನು ಬಿಡಿಸಿಯೇ ಹೇಳುತ್ತೇನೆ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ನಮ್ಮ ರಾಜ್ಯದಲ್ಲಿ 15ರಿಂದ 49 ವರ್ಷದ ಹೆಂಗಸರಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಮಂದಿಗೆ ರಕ್ತಹೀನತೆ. ಓಡುವವಳಿಗೆ ಇದು ಎಲ್ಲಕ್ಕಿಂತ ದೊಡ್ಡ ಅಡ್ಡಿ. ಎರಡನೇ ಕಿಲೋಮೀಟರಿಗೇ ಕಾಲು ಭಾರವಾಗುತ್ತದೆ ಎನ್ನುತ್ತಿದ್ದೆಯಲ್ಲ, ಅದು ಸೋಮಾರಿತನ ಅಲ್ಲ ಅಂತ ಆಗಲೂ ಹೇಳಿದ್ದೆ. ಚಿಗಟೇರಿ ಆಸ್ಪತ್ರೆಗೆ ಹೋಗಿ ಹಿಮೋಗ್ಲೋಬಿನ್ ನೋಡಿಸಿಕೋ. ಹನ್ನೆರಡಕ್ಕಿಂತ ಕಡಿಮೆ ಇದ್ದರೆ ಡಾಕ್ಟರು ಹೇಳಿದಷ್ಟು ದಿನ ಕಬ್ಬಿಣದ ಮಾತ್ರೆ ನುಂಗು, ನಡುವೆ ಬಿಡಬೇಡ. ಊಟದ ಜೊತೆಗೇ ಚಹಾ ಕುಡಿದರೆ ಕಬ್ಬಿಣದ ಅಂಶ ಮೈಗೆ ಹತ್ತುವುದಿಲ್ಲ. ಸೊಪ್ಪಿನ ಪಲ್ಯಕ್ಕೆ ನಿಂಬೆಹಣ್ಣು ಹಿಂಡಿಕೊಂಡರೆ ಹತ್ತುತ್ತದೆ. ಓಡಿ ಬಂದು ಬರೀ ಮಂಡಕ್ಕಿ ತಿಂದು ಕಾಲೇಜಿಗೆ ಓಡಬೇಡ. ರಾಗಿ ಮುದ್ದೆ, ಜೋಳದ ರೊಟ್ಟಿ, ಕಾಳು, ಮೊಟ್ಟೆ ತಿನ್ನುವ ಮನೆಯಾದರೆ ಮೊಟ್ಟೆ. ಇಥಿಯೋಪಿಯಾದವರು ತಿನ್ನುವ ಇಂಜೆರಾ ಕೂಡ ಟೆಫ್ ಎಂಬ ಸಣ್ಣ ಧಾನ್ಯದ ಹಿಟ್ಟನ್ನು ಹುಳಿ ಬರಿಸಿ ಹೊಯ್ದ ದೊಡ್ಡ ದೋಸೆಯೇ. ನಮ್ಮ ರಾಗಿ ಮೂಲದಲ್ಲಿ ಪೂರ್ವ ಆಫ್ರಿಕಾದ ಎತ್ತರದ ನೆಲದಿಂದ ಬಂದದ್ದು. ಅವರಿಗೆ ಸಿಕ್ಕಿ ನಮಗೆ ಸಿಗದ ಮಾಯದ ಆಹಾರ ಯಾವುದೂ ಇಲ್ಲ.

ತೆಳ್ಳಗಿದ್ದರೆ ಬೇಗ ಓಡಬಹುದು ಅಂತ ಯಾರಾದರೂ ಹೇಳಿ ನೀನು ಊಟ ಬಿಟ್ಟರೆ, ಮೊದಲು ಮುಟ್ಟು ಏರುಪೇರಾಗುತ್ತದೆ, ಆಮೇಲೆ ನಿಲ್ಲುತ್ತದೆ, ಅದರ ಹಿಂದೆಯೇ ಮೂಳೆ ಸೊರಗಿ ಮೊಣಕಾಲ ಕೆಳಗೆ ಸಣ್ಣ ಬಿರುಕು ಬಿಡುತ್ತದೆ. ಮುಟ್ಟು ನಿಂತರೆ ಪೀಡೆ ತೊಲಗಿತು ಎಂದುಕೊಳ್ಳುವ ಹುಡುಗಿಯರಿದ್ದಾರೆ. ನಾಚಿಕೆ ಬಿಟ್ಟು ತಾಯಿಗೆ ಹೇಳಬೇಕು, ಡಾಕ್ಟರಿಗೆ ತೋರಿಸಬೇಕು. ಇದನ್ನು ಹೇಳಲು ಗಂಡು ಕೋಚ್‌ಗಳಿಗೆ ಸಂಕೋಚ. ನಾನು ಹೇಳುತ್ತಿದ್ದೇನೆ.

ಬಡಾವಣೆಯ ಸಿಮೆಂಟ್ ರಸ್ತೆ ಮೇಲೆ ದಿನಾ ಓಡಬೇಡ. ಕುಂದುವಾಡ ಕೆರೆ ಕಡೆ, ಹೈಸ್ಕೂಲ್ ಮೈದಾನ, ಎಲ್ಲಿ ಮಣ್ಣು ಸಿಗುತ್ತದೋ ಅಲ್ಲಿ ಓಡು. ಭಾನುವಾರ ಯಾರಾದರೂ ದೊಡ್ಡವರು ಜೊತೆಗಿದ್ದರೆ ಕೊಂಡಜ್ಜಿ ಗುಡ್ಡದ ಏರು. ವಾರದ ಹೆಚ್ಚಿನ ಓಟ ಪಕ್ಕದವಳ ಜೊತೆ ಮಾತಾಡುತ್ತ ಓಡುವಷ್ಟು ನಿಧಾನವೇ ಇರಲಿ. ಒಂದು ದಿನ ಪೂರ್ತಿ ವಿಶ್ರಾಂತಿ. ಕತ್ತಲಿರುವಾಗ ಒಬ್ಬಳೇ ಹೋಗಬೇಡ.

ಅವಸರದ ದಾರಿ ತೋರಿಸುವವರು ಬಂದೇ ಬರುತ್ತಾರೆ. ಡಬ್ಬಿಯ ಪುಡಿ, ಹೆಸರಿಲ್ಲದ ಗುಳಿಗೆ, ಶಕ್ತಿಯ ಸೂಜಿ. ನಮ್ಮ ರಾಜ್ಯದ ಮನಸ್ಸಿಗೇ ಗಾಯ ಮಾಡಿದ ಸಂಗತಿ ಒಂದಿದೆ. ಕುಂದಾಪುರ ಕಡೆಯ ಸಿದ್ದಾಪುರದ ಅಶ್ವಿನಿ ಅಕ್ಕುಂಜಿ 2010ರಲ್ಲಿ ದೆಹಲಿ ಕಾಮನ್‌ವೆಲ್ತ್ ಕ್ರೀಡಾಕೂಟದ 4x400 ರಿಲೇಯಲ್ಲಿ ಚಿನ್ನ ಗೆದ್ದಳು. ಮುಂದಿನ ತಿಂಗಳೇ ಗುವಾಂಗ್‌ಝೌನಲ್ಲಿ 400 ಮೀಟರ್ ಹರ್ಡಲ್ಸ್ ಮತ್ತು ರಿಲೇ ಎರಡರಲ್ಲೂ ಚಿನ್ನ. ಹೊಲಗೆಲಸದ ಮನೆಯ ಹುಡುಗಿ, ನಾವೆಲ್ಲ ಶಾಲೆಯಲ್ಲಿ ಅವಳ ಚಿತ್ರ ಅಂಟಿಸಿದ್ದೆವು. 2011ರಲ್ಲಿ ಉದ್ದೀಪನ ಮದ್ದಿನ ಪರೀಕ್ಷೆಯಲ್ಲಿ ಅವಳೂ ರಿಲೇಯ ಗೆಳತಿಯರೂ ಸಿಕ್ಕಿಬಿದ್ದರು. ಕೋಚ್ ಕೊಟ್ಟ ಜಿನ್‌ಸೆಂಗ್‌ನಿಂದ ಹೀಗಾಯಿತು, ನಮಗೆ ತಿಳಿದಿರಲಿಲ್ಲ ಎಂದರು. ಕೋಚ್‌ನನ್ನು ಸರ್ಕಾರ ತೆಗೆದುಹಾಕಿತು. ಆದರೂ ನಿಷೇಧ ಅವರಿಗೆ ತಪ್ಪಲಿಲ್ಲ, ಮೊದಲು ಒಂದು ವರ್ಷ ಎಂದದ್ದು ಕ್ರೀಡಾ ನ್ಯಾಯಾಲಯದಲ್ಲಿ ಎರಡು ವರ್ಷವಾಯಿತು. ಲಂಡನ್ ಒಲಿಂಪಿಕ್ಸ್ ಹೋಯಿತು. ಆ ಹುಡುಗಿಯನ್ನು ಹಳಿಯಲು ಇದನ್ನು ಬರೆಯುತ್ತಿಲ್ಲ, ನೆನೆದರೆ ಈಗಲೂ ನನಗೆ ಸಂಕಟವೇ. ಕಾನೂನು ಹೀಗಿದೆ: ಯಾರು ಕೊಟ್ಟರೂ ಸರಿ, ನಿನ್ನ ಮೈಯಲ್ಲಿ ಏನು ಸಿಕ್ಕಿತೋ ಅದಕ್ಕೆ ನೀನೇ ಹೊಣೆ. ಕೋಚ್ ಕೊಟ್ಟರೂ, ಅಣ್ಣ ತಂದರೂ, ಒಳಗೆ ಏನಿದೆ ಅಂತ ಗೊತ್ತಿಲ್ಲದ್ದನ್ನು ಬಾಯಿಗೆ ಹಾಕಬೇಡ. ಇಪ್ಪತ್ತೆಂಟರವರೆಗೆ ಸಮಯ ಇದೆ ಅಂತ ನಂಬಿದವಳಿಗೆ ಆ ಗುಳಿಗೆ ಬೇಕಾಗುವುದೂ ಇಲ್ಲ.

ಇನ್ನು ಮುಂದಿನದು ನಿಮ್ಮಪ್ಪ ಅಮ್ಮನಿಗೆ. ಅವರಿಗೂ ಓದಿ ಹೇಳು.

ನೋಡಿ, ಮಗಳ ಮದುವೆಯ ಚಿಂತೆ ನನಗೆ ಅರ್ಥವಾಗುತ್ತದೆ. ದೆರಾರ್ತುವಿನ ನಂಟಸ್ತಿಕೆಯ ತಂಗಿ ತಿರುನೇಶ್ ದಿಬಾಬ ಓದಲೆಂದು ಅಡಿಸ್ ಅಬಾಬಕ್ಕೆ ಹೋದಾಗ ಶಾಲೆಯ ದಾಖಲಾತಿ ಮುಗಿದುಹೋಗಿತ್ತು. ಊರಿಗೆ ವಾಪಸ್ಸಾಗಿದ್ದರೆ ಮದುವೆ ಮಾಡಿ ಮುಗಿಸುತ್ತಿದ್ದರು. ಅವಳು ಅಲ್ಲೇ ಉಳಿದು ಒಂದು ಸ್ಪೋರ್ಟ್ಸ್ ಕ್ಲಬ್ ಸೇರಿದಳು. 2008ರ ಬೀಜಿಂಗ್‌ನಲ್ಲಿ 5000, 10,000 ಎರಡೂ ಚಿನ್ನ, 2012ರ ಲಂಡನ್‌ನಲ್ಲಿ 10,000 ಮತ್ತೆ ಚಿನ್ನ. ಮದುವೆಯೂ ಆದಳು, ಗಂಡ ಸಿಲೆಶಿ ಸಿಹಿನೆ ಒಲಿಂಪಿಕ್ ಬೆಳ್ಳಿ ಗೆದ್ದ ಓಟಗಾರ. 2015ರಲ್ಲಿ ಮಗ ಹುಟ್ಟಿದ. ಮರುವರ್ಷ ರಿಯೋದಲ್ಲಿ ಕಂಚು ಗೆದ್ದಾಗ ಓಡಿದ 29 ನಿಮಿಷ 42.56 ಸೆಕೆಂಡ್, ಟ್ರ್ಯಾಕ್‌ನ 10,000 ಮೀಟರ್‌ನಲ್ಲಿ ಅವಳ ಜೀವನದಲ್ಲೇ ಅತಿ ವೇಗದ ಓಟ. ಮದುವೆ ಬೇಡ ಅಂತ ನಾನು ಹೇಳುವುದಿಲ್ಲ. ಗಂಡಿನ ಕಡೆಯವರ ಜೊತೆ ಮಾತಿಗೆ ಕೂತಾಗ ಕೊಡುವ ತಗೊಳ್ಳುವ ವಿಚಾರಕ್ಕಿಂತ ಮೊದಲು ‘ನಮ್ಮ ಹುಡುಗಿ ಓಡುತ್ತಾಳೆ, ಮುಂದೆಯೂ ಓಡುತ್ತಾಳೆ’ ಅಂತ ಹೇಳಿ. ಆ ಮಾತಿಗೆ ಮುಖ ಕಿವಿಚುವ ಮನೆ ಹೇಗಿರುತ್ತದೆ ಅಂತ ನಿಮಗೆ ಆಗಲೇ ತಿಳಿಯುತ್ತದೆ. ಓಟದಿಂದ ಹೊಟ್ಟೆಗೇನು ಎನ್ನಬೇಡಿ. ರೈಲ್ವೆ, ಪೊಲೀಸ್ ಇಲಾಖೆಗಳಲ್ಲಿ ಕ್ರೀಡಾಪಟುಗಳಿಗೆ ಕೆಲಸ ಇದೆ. ಹಾಂಗ್‌ಝೌನಲ್ಲಿ ಕೊನೆಯ ಐವತ್ತು ಮೀಟರ್ ಓಡುವಾಗ ತನ್ನ ರಾಜ್ಯ ಚಿನ್ನ ಗೆದ್ದವರಿಗೆ ಕೊಡುವ ಡಿವೈಎಸ್‌ಪಿ ಹುದ್ದೆಯ ನೆನಪಾಯಿತು ಅಂತ ಪಾರುಲ್ ತಾನೇ ಹೇಳಿಕೊಂಡಳು.

ಈಗ ಮತ್ತೆ ನಿನಗೆ, ಮಗಳೇ. ದೆರಾರ್ತು 2004ರ ಅಥೆನ್ಸ್‌ನಲ್ಲಿ, ಮೂವತ್ತೆರಡರಲ್ಲಿ, ಕಂಚು ಗೆದ್ದಳು. 2009ರಲ್ಲಿ ಮೂವತ್ತೇಳು ತುಂಬಿದವಳು ನ್ಯೂಯಾರ್ಕ್ ಮ್ಯಾರಥಾನ್ ಗೆದ್ದಳು. ಆಮೇಲೆ ತನ್ನ ದೇಶದ ಅಥ್ಲೆಟಿಕ್ಸ್ ಫೆಡರೇಷನ್‌ನ ಅಧ್ಯಕ್ಷೆಯಾಗಿ ಕೆಲಸ ಮಾಡಿದಳು. ಅಷ್ಟು ದೂರದ್ದನ್ನು ನಿನ್ನಿಂದ ನಾನು ಈಗ ಕೇಳುವುದಿಲ್ಲ. ಡಿಗ್ರಿಗೆ ಅರ್ಜಿ ಹಾಕುವ ಮೊದಲು ಆ ಕಾಲೇಜಿನಲ್ಲಿ ದೈಹಿಕ ಶಿಕ್ಷಣ ನಿರ್ದೇಶಕರು ಇದ್ದಾರಾ, ಹುಡುಗಿಯರನ್ನು ಯೂನಿವರ್ಸಿಟಿ ಕೂಟಕ್ಕೆ ಕಳಿಸುತ್ತಾರಾ ಅಂತ ಹೋಗಿ ವಿಚಾರಿಸು. ರಾಜ್ಯಮಟ್ಟದ ಸರ್ಟಿಫಿಕೇಟಿನ ಜೆರಾಕ್ಸ್ ಅರ್ಜಿಗೆ ಲಗತ್ತಿಸು, ಕ್ರೀಡಾ ಕೋಟಾದ ಕಾಲಂ ಖಾಲಿ ಬಿಡಬೇಡ. ಯೂನಿವರ್ಸಿಟಿ ಕೂಟದಲ್ಲಿ 5000 ಮೀಟರ್ ಇದೆ, 10,000 ಕೂಡ ಇದೆ. ಮೊದಲ ವರ್ಷ 5000ಕ್ಕೆ ಮಾತ್ರ ಹೆಸರು ಕೊಡು. ಹಿಮೋಗ್ಲೋಬಿನ್ ರಿಪೋರ್ಟ್ ಬಂದ ದಿನ ತಂದು ನನಗೆ ತೋರಿಸು, ಅದನ್ನು ನೋಡಿಕೊಂಡು ಮಳೆಗಾಲದ ಓಟದ ಪಟ್ಟಿ ಇಬ್ಬರೂ ಕೂತು ಬರೆಯೋಣ.