ಸಹಸ್ರಪದಿಯನ್ನು ಸಾಕುವ ಬಗೆ

ಮುಂಗಾರು ಮಳೆ ಬಿದ್ದ ಮೇಲೆ ಮಂಡ್ಯ, ಮದ್ದೂರು, ಮಳವಳ್ಳಿಗಳ ತೋಟಗಳಲ್ಲಿ ತರಗೆಲೆಗಳ ನಡುವೆ ಸಹಸ್ರಪದಿಗಳು ಹರಿದಾಡುವುದನ್ನು ವಾಚಕರು ಕಂಡಿರಬಹುದು. ಇವನ್ನು ಶತಪದಿಗಳೆಂದು ಭ್ರಮಿಸಬಾರದು. ಶತಪದಿಗೆ ದೇಹದ ಖಂಡವೊಂದಕ್ಕೆ ಒಂದು ಜೊತೆ ಕಾಲು. ಸಹಸ್ರಪದಿಯ ಬಹುತೇಕ ಖಂಡಗಳಿಗೆ ಎರಡೆರಡು ಜೊತೆ. ಶತಪದಿ ವಿಷದಿಂದ ಬೇಟೆಯಾಡುತ್ತದೆ. ಸಹಸ್ರಪದಿ ಕೊಳೆತ ಎಲೆಗಳನ್ನು ತಿಂದು ಬದುಕುತ್ತದೆ.

ಇದನ್ನು ಸಾಕಬಯಸುವವರು ಗಾಳಿಯಾಡುವ ಮುಚ್ಚಳವುಳ್ಳ ಗಾಜಿನ ತೊಟ್ಟಿಯಲ್ಲಿ ಎಲೆಗೊಬ್ಬರ ಬೆರೆತ ಮಣ್ಣನ್ನು ಪ್ರಾಣಿಯ ಉದ್ದಕ್ಕಿಂತ ಹೆಚ್ಚು ಆಳಕ್ಕೆ ತುಂಬಬೇಕು. ಕೀಟನಾಶಕ ಸಿಂಪಡಿಸಿದ ಕಬ್ಬಿನ ಗದ್ದೆಯ ಮಣ್ಣು ಸಲ್ಲದು. ಇದರ ಹೊರಕವಚವು ದೇಹದ ನೀರನ್ನು ಚೆನ್ನಾಗಿ ಹಿಡಿದಿಡಲಾರದು. ಆದುದರಿಂದ ಮಣ್ಣು ಸದಾ ತೇವವಾಗಿರಬೇಕು, ಆದರೆ ನೀರು ನಿಲ್ಲಬಾರದು. ಕೊಳೆತ ಎಲೆ, ಮೆತ್ತಗಾದ ಮರದ ಚೂರು, ಸೌತೆಕಾಯಿಯ ಹೋಳು ಇದಕ್ಕೆ ಆಹಾರ. ಕವಚಕ್ಕೆ ಬೇಕಾದ ಸುಣ್ಣಾಂಶವನ್ನು ಮೊಟ್ಟೆಯ ಚಿಪ್ಪಿನ ಪುಡಿಯಿಂದ ಒದಗಿಸಬಹುದು. ಹಲವು ಜಾತಿಗಳು ಮುಟ್ಟಿದೊಡನೆ ಸುರುಳಿ ಸುತ್ತಿ ಕಟುವಾಸನೆಯ ರಸವನ್ನು ಸ್ರವಿಸುತ್ತವೆ. ಅದು ಕಣ್ಣಿಗೆ ಉರಿ ತರುವುದರಿಂದ ಕೂಡಲೇ ಕೈ ತೊಳೆಯಬೇಕು.

ಕೆಲವು ವಾರ ಕಾಣದಿದ್ದರೆ ಸತ್ತಿತೆಂದು ಬಗೆದು ಮಣ್ಣನ್ನು ಕೆದಕಬಾರದು. ಒಳಗೆ ಗೂಡು ಮಾಡಿಕೊಂಡು ಅದು ಪೊರೆ ಕಳಚುತ್ತಿರಬಹುದು. ಹೊಸ ಕವಚವು ಗಟ್ಟಿಯಾಗುವ ಮುನ್ನ ತಗಲಿದ ಪೆಟ್ಟು ಪ್ರಾಣಕ್ಕೇ ಎರವಾಗಬಲ್ಲದು. ಕಳಚಿದ ಪೊರೆಯನ್ನು ತಾನೇ ತಿಂದು ಅದರ ಸುಣ್ಣಾಂಶವನ್ನು ಮರಳಿ ಪಡೆಯುತ್ತದೆ. ಮಣ್ಣಿನ ತೇವವನ್ನು ಕಾಪಾಡುತ್ತ ಕಾದಿದ್ದರೆ ಅದು ತಾನಾಗಿಯೇ ಮೇಲೆ ಬರುವುದು.