ಹೊಲದ ಜಗಳ: ತಹಸೀಲ್ದಾರರ ಕೈಯಲ್ಲಿ ಏನಿದೆ?



ತಿಕೋಂಡಿಯಂಥ ಊರಲ್ಲಿ ಹೀಗಾಯಿತೆಂದು ತಿಳಿಯಿರಿ. ಹತ್ತು ವರ್ಷದಿಂದ ನೀವು ಉಳುತ್ತ ಬಂದ ಹೊಲ. ಹಿಂಗಾರಿ ಜೋಳ ಬಿತ್ತಲು ಹೋದರೆ ದಾಯಾದಿಗಳು ಆಗಲೇ ಟ್ರ್ಯಾಕ್ಟರ್ ಹೊಡೆದಿದ್ದಾರೆ. "ಉತಾರದಾಗ ನಮ್ಮ ಹೆಸರೈತಿ, ಹೊಲ ನಮ್ದು" ಅನ್ನುತ್ತಾರೆ. ಎರಡೂ ಕಡೆ ಕೈಯಲ್ಲಿ ಬಡಿಗೆ. ಈಗ ಎಲ್ಲಿಗೆ ಹೋಗಬೇಕು?

ಹೊಲದ ಮಾಲಕಿ ಯಾರದು ಎಂಬುದನ್ನು ದಿವಾಣಿ ಕೋರ್ಟು ತೀರ್ಮಾನಿಸುತ್ತದೆ. ಅದಕ್ಕೆ ವರ್ಷಗಳು ಹಿಡಿಯುತ್ತವೆ. ಅಷ್ಟರೊಳಗೆ ತಲೆ ಒಡೆಯಬಾರದಲ್ಲ! ಅದಕ್ಕೇ ಕಾಯ್ದೆ ಇನ್ನೊಂದು ದಾರಿ ಇಟ್ಟಿದೆ. ತಹಸೀಲ್ದಾರರು ಬರೀ ಕಂದಾಯದ ಸಾಹೇಬರಲ್ಲ, ಅವರು ಕಾರ್ಯನಿರ್ವಾಹಕ ದಂಡಾಧಿಕಾರಿಯೂ ಹೌದು. ಪ್ರಾಂತ ಸಾಹೇಬರೂ ಹಾಗೆಯೇ. ಹೊಲ, ಮನೆ, ನೀರು, ನಿಂತ ಪೀಕು, ಯಾವುದರ ಜಗಳದಿಂದಲೇ ಆಗಲಿ ಶಾಂತಿ ಕೆಡುವ ಭಯವಿದ್ದರೆ ಅವರು ಎರಡೂ ಪಕ್ಷದವರನ್ನು ಕರೆಸಿ ವಿಚಾರಿಸಬಹುದು. ಹಿಂದೆ ಇದು 1973ರ ದಂಡ ಪ್ರಕ್ರಿಯಾ ಸಂಹಿತೆಯ 145ನೇ ಕಲಮಾಗಿತ್ತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 164ನೇ ಕಲಮು. ಹೆಸರು ಬದಲಾಗಿದೆ, ಕೆಲಸ ಅದೇ.

ದಂಡಾಧಿಕಾರಿ ಕೇಳುವುದು ಒಂದೇ ಪ್ರಶ್ನೆ: ಆದೇಶದ ದಿನ ಹೊಲ ನಿಜವಾಗಿ ಯಾರ ಕಬ್ಜೆಯಲ್ಲಿತ್ತು? ಮಾಲಕರು ಯಾರೆಂದು ಅವರು ಕೇಳುವುದಿಲ್ಲ. ಹಾಗಾದರೆ ನಿನ್ನೆ ಬಲವಂತದಿಂದ ನುಗ್ಗಿದವನೇ ಗೆದ್ದಂತಾಯಿತೇ? ಇಲ್ಲ. ದಂಡಾಧಿಕಾರಿಗೆ ವರದಿ ಮುಟ್ಟಿದ ದಿನದಿಂದ ಹಿಂದಿನ ಎರಡು ತಿಂಗಳೊಳಗೆ ನಿಮ್ಮನ್ನು ಅನ್ಯಾಯವಾಗಿ ಹೊರಹಾಕಿದ್ದರೆ, ಕಬ್ಜೆ ನಿಮ್ಮದೇ ಎಂದು ಅವರು ಹಿಡಿಯಬಹುದು, ಹೊಲವನ್ನು ನಿಮಗೆ ಮರಳಿ ಕೊಡಿಸಬಹುದು. 1968ರಲ್ಲಿ ಮುಂಬಯಿಯ ಒಂದು ಕ್ಯಾಬಿನ್ನಿನ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು ಇದನ್ನೇ ಎತ್ತಿಹಿಡಿಯಿತು.

ಇಲ್ಲಿ ಒಂದು ಮಾತು ಗಟ್ಟಿಯಾಗಿ ನೆನಪಿಡಿ. ಎರಡು ತಿಂಗಳ ಲೆಕ್ಕ ನೀವು ಪೊಲೀಸ್ ಠಾಣೆಗೆ ಹೋದ ದಿನದಿಂದಲ್ಲ, ದಂಡಾಧಿಕಾರಿಗೆ ಸುದ್ದಿ ಮುಟ್ಟಿದ ದಿನದಿಂದ. ತಕರಾರು ಅರ್ಜಿ ಠಾಣೆಯಲ್ಲೇ ಕುಳಿತರೆ ದಿನ ನಿಮ್ಮವೇ ಹೋಗುತ್ತವೆ. ಆದ್ದರಿಂದ ಜತ್ತದ ತಹಸೀಲ್ ಕಚೇರಿಗೂ ನೇರವಾಗಿ ಅರ್ಜಿ ಕೊಡಿ. ನಕಲಿನ ಮೇಲೆ ಸಿಕ್ಕಾ, ತಾರೀಖು ಹಾಕಿಸಿಕೊಳ್ಳದೆ ಬರಬೇಡಿ. ಹಿರಿಯರು ಪಂಚಾಯಿತಿ ಮಾಡುತ್ತಾರೆಂದು ಕಾಯುವುದೂ ಒಳ್ಳೆಯದೇ, ಆದರೆ ಅರ್ಜಿ ಕೊಟ್ಟು ಕಾಯಿರಿ.

ಸಾಕ್ಷಿ ಏನು ಬೇಕು? ಸಾತಬಾರಾ ಉತಾರದಲ್ಲಿ ಏಳನೇ ನಮೂನೆ ಹಕ್ಕಿನದು, ಹನ್ನೆರಡನೆಯದು ಪೀಕಿನದು. ಕಬ್ಜೆಯ ಮಾತಿಗೆ ಈ ಹನ್ನೆರಡನೆಯದು ಹೆಚ್ಚು ಕೆಲಸಕ್ಕೆ ಬರುತ್ತದೆ. ಉತಾರ ಮರಾಠಿಯಲ್ಲಿರುತ್ತದೆ, ಓದಲು ಬಾರದಿದ್ದರೆ ಬಲ್ಲವರಿಂದ ಓದಿಸಿಕೊಳ್ಳಿ, ನಾಚಿಕೆ ಬೇಡ. ಬೀಜದ ಪಾವತಿ, ಮೋಟರಿನ ಕರೆಂಟ್ ಬಿಲ್ಲು, ಬದುವಿನ ಆಚೆಯ ರೈತರ ಹೇಳಿಕೆ ಕೂಡ ಬೇಕಾಗುತ್ತವೆ.

ಯಾರ ಕಬ್ಜೆಯೆಂದು ತಿಳಿಯದಿದ್ದರೆ ಅಥವಾ ಪರಿಸ್ಥಿತಿ ತುರ್ತಾಗಿದ್ದರೆ 165ನೇ ಕಲಮಿನಂತೆ ಹೊಲವನ್ನೇ ಜಪ್ತಿ ಮಾಡಬಹುದು. ದಾರಿ, ನೀರು ಬಳಸುವ ಹಕ್ಕಿನ ಜಗಳಕ್ಕೆ 166ನೇ ಕಲಮಿದೆ. ದಿವಾಣಿ ಕೋರ್ಟಿನಲ್ಲಿ ಅದೇ ಕಬ್ಜೆಯ ದಾವೆ ನಡೆದಿದ್ದರೆ ಮಾತ್ರ, ಸಾಮಾನ್ಯವಾಗಿ ದಂಡಾಧಿಕಾರಿಯ ಮುಂದೆ ಎರಡನೇ ಪ್ರಕರಣ ನಡೆಯುವುದಿಲ್ಲ.

ಎರಡು ತಿಂಗಳು ಮೀರಿತೇ? ಮಹಾರಾಷ್ಟ್ರದಲ್ಲಿ 1906ರ ಮಾಮಲೇದಾರ ಕೋರ್ಟು ಕಾಯ್ದೆ ಇನ್ನೂ ಇದೆ. ಬೇಸಾಯದ ಹೊಲದಿಂದ ಅಕ್ರಮವಾಗಿ ಹೊರಹಾಕಿದ ಆರು ತಿಂಗಳೊಳಗೆ ಅದರಡಿ ತಹಸೀಲ್ದಾರರ ಮುಂದೆಯೇ ದಾವೆ ಹೂಡಬಹುದು.