ಜೀವನಾಂಶ: ನ್ಯಾಯದ ತಕ್ಕಡಿ ತೂಗುವ ಬಗೆ



ಪೌರನೀತಿಯ ಪಾಠ ನಡೆಯುತ್ತಿದ್ದಾಗ ಒಮ್ಮೆ ವಿದ್ಯಾರ್ಥಿನಿಯೊಬ್ಬಳು ಎದ್ದು ನಿಂತು, "ಗಂಡನು ಹೆಂಡತಿಯನ್ನು ಮನೆಯಿಂದ ಹೊರಹಾಕಿದರೆ ಅವಳ ಅನ್ನ ಬಟ್ಟೆಗೆ ಏನು ಗತಿ?" ಎಂದು ಕೇಳಿದಳು. ಹಿಂದಿನ ಬೆಂಚಿನ ಕೆಲವರು ನಕ್ಕರು. ಆದರೆ ಅದು ನಗುವ ಪ್ರಶ್ನೆಯಲ್ಲ. ಅಂದು ಗಂಟೆ ಬಾರಿಸಿದ್ದರಿಂದ ಅರ್ಧಕ್ಕೆ ನಿಂತ ಉತ್ತರವನ್ನು ಇಲ್ಲಿ ಪೂರ್ತಿಗೊಳಿಸುತ್ತೇನೆ.

ಕಾನೂನಿನ ನೆಲೆ

ತನ್ನನ್ನು ತಾನು ಪೋಷಿಸಿಕೊಳ್ಳಲಾರದ ಹೆಂಡತಿಯನ್ನು, ಶಕ್ತಿಯಿದ್ದೂ ಗಂಡನು ಕಡೆಗಣಿಸಿದರೆ, ಆಕೆಗೆ ಪ್ರತಿ ತಿಂಗಳೂ ಹಣ ಕೊಡುವಂತೆ ನ್ಯಾಯಾಲಯವು ಆಜ್ಞಾಪಿಸಬಹುದು. ಇದೇ ಜೀವನಾಂಶ. 1973ರ ದಂಡ ಪ್ರಕ್ರಿಯಾ ಸಂಹಿತೆಯ 125ನೆಯ ಕಲಮಿನಲ್ಲಿ ಈ ನಿಯಮವಿತ್ತು. 2024ರ ಜುಲೈ 1ರಿಂದ ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೆಯ ಕಲಮಾಗಿದೆ. ವಿಚ್ಛೇದನ ಪಡೆದು ಮರುಮದುವೆಯಾಗದ ಸ್ತ್ರೀಯೂ ಇಲ್ಲಿ 'ಹೆಂಡತಿ'ಯೇ. ಈ ಕಲಮಿಗೆ ಜಾತಿ ಮತಗಳ ಭೇದವಿಲ್ಲ. ಮುಸ್ಲಿಂ ಸ್ತ್ರೀಯರಿಗೂ ಇದು ಅನ್ವಯಿಸುತ್ತದೆಂದು ಸುಪ್ರೀಂ ಕೋರ್ಟು 1985ರಲ್ಲಿ ಶಾ ಬಾನೊ ಮೊಕದ್ದಮೆಯಲ್ಲಿ ಹೇಳಿತು. 2024ರ ಜುಲೈಯಲ್ಲಿ ಮತ್ತೆ ಸ್ಪಷ್ಟಪಡಿಸಿತು.

ಹಿಂದೆ ತಿಂಗಳಿಗೆ 500 ರೂಪಾಯಿಗಳ ಮಿತಿಯಿತ್ತು. ಆ ಮಿತಿ ಒಬ್ಬೊಬ್ಬರಿಗೂ ಬೇರೆ ಬೇರೆಯೇ ಹೊರತು ತಾಯಿ ಮಕ್ಕಳೆಲ್ಲರಿಗೂ ಸೇರಿದ್ದಲ್ಲ ಎಂದು 1978ರಲ್ಲಿ ತೀರ್ಪಿತ್ತವರು ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್. ನಮ್ಮ ಕಾಸರಗೋಡಿಗೆ ದೂರವಲ್ಲದ ತಲಶ್ಶೇರಿಯಲ್ಲಿ ವಕೀಲಿ ಆರಂಭಿಸಿದವರು ಅವರು. 2001ರ ತಿದ್ದುಪಡಿಯಿಂದ ಆ ಮಿತಿಯೇ ಇಲ್ಲವಾಯಿತು.

ಮೊತ್ತ ನಿರ್ಧಾರ ಹೇಗೆ?

ಮಿತಿಯಿಲ್ಲವೆಂದರೆ ಮನಬಂದಂತೆ ಎಂದರ್ಥವಲ್ಲ. ತಕ್ಕಡಿಯ ಒಂದು ತಟ್ಟೆಯಲ್ಲಿ ಹೆಂಡತಿಯ ಅಗತ್ಯ, ಇನ್ನೊಂದರಲ್ಲಿ ಗಂಡನ ಶಕ್ತಿ. ಒಂದು ಕಲ್ಪಿತ ಉದಾಹರಣೆಯನ್ನು ನೋಡೋಣ.

ಒಬ್ಬನ ಸಂಬಳ 40,000 ರೂಪಾಯಿ. ತೆರಿಗೆ, ಭವಿಷ್ಯನಿಧಿ ಮುಂತಾದ ಕಡ್ಡಾಯ ಕಡಿತ 4,000. ಉಳಿದದ್ದು 36,000. ಅವನಿಗೆ ವೃದ್ಧ ತಾಯಿಯಿದ್ದಾಳೆ; ಆಕೆಯ ಔಷಧದ ಖರ್ಚನ್ನು ನ್ಯಾಯಾಧೀಶರು ಗಮನಿಸುವರು. "ಕಾರಿನ ಸಾಲದ ಕಂತಿದೆ" ಎಂದರೆ, ತಾನಾಗಿ ಹೊತ್ತ ಆ ಭಾರಕ್ಕೆ ಅಷ್ಟು ಬೆಲೆ ಸಿಗದು. ಹೆಂಡತಿ ತವರಿನಲ್ಲಿ ಬೀಡಿ ಕಟ್ಟಿ 4,000 ಗಳಿಸುತ್ತಾಳೆ. ಅಲ್ಪ ಗಳಿಕೆಯಿದೆಯೆಂಬ ಮಾತ್ರಕ್ಕೆ ಆಕೆಯ ಹಕ್ಕು ಹೋಗದು. ಮೊತ್ತ ನಿರ್ಧರಿಸುವಾಗ ಅದೂ ಲೆಕ್ಕಕ್ಕೆ ಬರುತ್ತದೆ. ಗಂಡನ ಮನೆಯಲ್ಲಿ ಆಕೆ ಬಾಳಿದ ಮಟ್ಟ, ಮದುವೆಯಾಗಿ ಕಳೆದ ವರ್ಷಗಳು, ವಯಸ್ಸು, ಆರೋಗ್ಯ, ಮಕ್ಕಳಿಗಾಗಿ ಬಿಟ್ಟ ಉದ್ಯೋಗ ಇವೆಲ್ಲವೂ ತೂಕಕ್ಕೆ ಬರುವಂಥವು.

ಕೈಗೆ ಬರುವ ಸಂಬಳದ ನಾಲ್ಕನೆಯ ಒಂದು ಪಾಲು, ಎಂದರೆ ಇಲ್ಲಿ 9,000, ನ್ಯಾಯವೆಂದು ಕೆಲವು ತೀರ್ಪುಗಳಲ್ಲಿದೆ. ಆದರೆ ಅದು ದಾರಿ ತೋರುವ ಕೈಮರವೇ ಹೊರತು ಕಟ್ಟಳೆಯಲ್ಲ. ಮಗುವಿನ ಪಾಲು ಬೇರೆಯೇ.

"ನನಗೆ ಕೆಲಸವೇ ಇಲ್ಲ" ಎಂದು ಗಂಡನು ಕೈಚೆಲ್ಲಿದರೆ? ದೇಹಶಕ್ತಿಯುಳ್ಳವನು ಕೂಲಿ ಮಾಡಿಯಾದರೂ ಹೆಂಡತಿ ಮಕ್ಕಳನ್ನು ಸಾಕಬೇಕೆಂದು ಸುಪ್ರೀಂ ಕೋರ್ಟು 2022ರಲ್ಲಿ ಹೇಳಿದೆ. ಆದಾಯ ಮುಚ್ಚಿಡುವುದನ್ನು ತಡೆಯಲು, ಇಬ್ಬರೂ ತಮ್ಮ ಆಸ್ತಿ, ಆದಾಯ, ಸಾಲಗಳ ವಿವರವನ್ನು ಪ್ರಮಾಣಮಾಡಿ ಸಲ್ಲಿಸಬೇಕೆಂದು 2020ರ ರಜನೇಶ್ ಮತ್ತು ನೇಹಾ ಮೊಕದ್ದಮೆಯಲ್ಲಿ ವಿಧಿಸಿತು. ಜೀವನಾಂಶವನ್ನು ಅರ್ಜಿ ಸಲ್ಲಿಸಿದ ದಿನದಿಂದಲೇ ಕೊಡಬೇಕೆಂದೂ ಅದೇ ತೀರ್ಪಿನಲ್ಲಿದೆ.

ಹಕ್ಕಿಗೆ ಮೇರೆಯೂ ಉಂಟು. ಸಾಕಷ್ಟು ಕಾರಣವಿಲ್ಲದೆ ಗಂಡನೊಡನೆ ಬಾಳಲೊಪ್ಪದವಳಿಗೂ, ವ್ಯಭಿಚಾರದಲ್ಲಿ ಬಾಳುವವಳಿಗೂ, ಪರಸ್ಪರ ಒಪ್ಪಿ ಬೇರೆಯಾಗಿರುವವಳಿಗೂ ಈ ಕಲಮಿನಡಿ ಜೀವನಾಂಶವಿಲ್ಲ. ಆದರೆ ಗಂಡನು ಇನ್ನೊಂದು ಮದುವೆಯಾಗಿದ್ದರೆ, ಆಕೆ ಜೊತೆಯಲ್ಲಿರಲು ನಿರಾಕರಿಸುವುದಕ್ಕೆ ಅದು ನ್ಯಾಯವಾದ ಕಾರಣ.

ಗಡಿನಾಡಿನವರು ತಿಳಿಯಬೇಕಾದುದು

ನಮ್ಮ ಹೆಣ್ಣುಮಕ್ಕಳನ್ನು ಮಂಗಳೂರು, ಪುತ್ತೂರು, ಸುಳ್ಯಗಳಿಗೆ ಕೊಡುತ್ತೇವೆ, ಅಲ್ಲಿಂದ ತರುತ್ತೇವೆ. ತವರಿಗೆ ಮರಳಿದವಳು ಮೊಕದ್ದಮೆಗೆಂದು ಗಂಡನ ಊರಿಗೇ ಅಲೆಯಬೇಕೆಂದು ಅನೇಕರ ಎಣಿಕೆ. ಹಾಗಿಲ್ಲ. ಹೆಂಡತಿ ವಾಸಿಸುವ ಜಿಲ್ಲೆಯಲ್ಲೇ ಅರ್ಜಿ ಹಾಕಬಹುದು. ಆಜ್ಞೆಯನ್ನು ಗಂಡನಿರುವ ಊರಿನಲ್ಲಿ ಜಾರಿಗೊಳಿಸಬಹುದು. ನಡುವಣ ರಾಜ್ಯದ ಗಡಿ ಅದಕ್ಕೆ ಅಡ್ಡಿಯಲ್ಲ. ವಕೀಲರ ಫೀಸಿಗೆ ಹಣವಿಲ್ಲದಿದ್ದರೂ ಹಿಂಜರಿಯಬೇಕಿಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಅಧಿನಿಯಮದಂತೆ ಸ್ತ್ರೀಯರೆಲ್ಲರಿಗೂ ಆದಾಯ ನೋಡದೆ ಉಚಿತ ಕಾನೂನು ನೆರವು ಉಂಟು.

ತೀರ್ಪಿನವರೆಗೆ ಉಪವಾಸವಿರಲಾಗುತ್ತದೆಯೇ? ಅದಕ್ಕೆಂದೇ ಮಧ್ಯಂತರ ಜೀವನಾಂಶವಿದೆ. ಎದುರು ಪಕ್ಷಕ್ಕೆ ನೋಟೀಸು ಮುಟ್ಟಿದ 60 ದಿನಗಳೊಳಗೆ, ಸಾಧ್ಯವಾದಷ್ಟು ಮಟ್ಟಿಗೆ, ಆ ಅರ್ಜಿ ತೀರ್ಮಾನವಾಗಬೇಕು. ಕೊಡದೆ ತಪ್ಪಿಸಿದರೆ ವಸೂಲಿಗೆ ವಾರಂಟು. ಆಗಲೂ ಬಾಕಿ ಉಳಿದರೆ ಒಂದೊಂದು ತಿಂಗಳ ಬಾಕಿಗೆ ಒಂದು ತಿಂಗಳವರೆಗೆ ಸೆರೆವಾಸ ವಿಧಿಸಬಹುದು. ಬಾಕಿಯ ವಸೂಲಿಗೆ ಒಂದು ವರ್ಷದೊಳಗೆ ಅರ್ಜಿ ಹಾಕಬೇಕೆಂಬುದನ್ನು ಮರೆಯಬಾರದು.

ಕೊನೆಯ ಮಾತು

ಜೀವನಾಂಶವು ಭಿಕ್ಷೆಯಲ್ಲ, ಗಂಡನಿಗೆ ಶಿಕ್ಷೆಯೂ ಅಲ್ಲ. ಅಡುಗೆ, ಆರೈಕೆ, ಮಕ್ಕಳ ಲಾಲನೆಗಳಲ್ಲಿ ಸವೆದ ವರ್ಷಗಳಿಗೆ ಬೆಲೆಯಿದೆಯೆಂದು ಕಾನೂನು ಒಪ್ಪಿಕೊಂಡ ಹಕ್ಕು ಅದು. ಹೆತ್ತವರೇ, ಮದುವೆಯ ದಾಖಲೆ, ಬ್ಯಾಂಕಿನ ಪುಸ್ತಕಗಳನ್ನು ಮಗಳ ಕೈಯಲ್ಲಿಡಿ. ಅದಕ್ಕಿಂತ ಮೊದಲು ಅವಳ ಓದನ್ನು ಪೂರ್ತಿ ಮಾಡಿಸಿ. ಹುಡುಗರೇ, ಇದೇ ಕಲಮಿನಲ್ಲಿ ಮುದಿ ತಂದೆತಾಯಿಯರ ಪೋಷಣೆಯ ಹೊಣೆಯೂ ಇದೆ. ಕೋರ್ಟು ಹೇಳುವ ಮೊದಲೇ ಹೊಣೆಯನ್ನರಿತು ನಡೆಯುವವನೇ ನಿಜವಾದ ವಿದ್ಯಾವಂತ. ಅಂದು ಪ್ರಶ್ನೆ ಕೇಳಿದ ಹುಡುಗಿಗೆ ನನ್ನ ಅಭಿನಂದನೆಗಳು.